ಕೊನೆಯ ರೀಲಿನವರೆಗೂ ಬದುಕಬೇಕೆಂದ ನಟ

ಮದುವೆ ಮಂಟಪ, ಸಿಂಹಾಸನ, ತೂಗುದೀಪಗಳನ್ನು ಬಾಡಿಗೆಗೆ ಕೊಡುವವನು ನಗುವುದಕ್ಕೆಂದು ಬೇರೆ ಕಡೆ ಹೋಗಬೇಕಾಗಿಲ್ಲ. ಗಿರಾಕಿಗಳೇ ತಂದು ಕೊಡುತ್ತಾರೆ, ಅದಕ್ಕೆ ಸೇಲ್ಸ್ ಟ್ಯಾಕ್ಸ್ ಕೂಡ ಇಲ್ಲ. ಚಿಕ್ಕಪೇಟೆಯಲ್ಲಿ ನಮ್ಮ ತಂದೆಯ ಜೊತೆ ಗಲ್ಲಾ ಪಕ್ಕ ಕೂತ ಕಾಲದಿಂದ ಇವತ್ತು ಡಲ್ಲಾಸ್‌ನಲ್ಲಿ ನನ್ನದೇ ಕೌಂಟರಿನ ಹಿಂದೆ ನಿಲ್ಲುವವರೆಗೂ ಈ ಸರಬರಾಜು ನಿಂತಿಲ್ಲ. ಆದರೆ ಪಕ್ಕದ ಬೇಕರಿಗೆ ಆ ಹಿರಿಯ ನಟರು ಬಂದ ಮೇಲೆ ಮಾಲು ಇಡುವುದಕ್ಕೆ ಜಾಗ ಸಾಲದಾಯಿತು. ಹಾಗಾಗಿ ಸ್ವಲ್ಪ ಇಲ್ಲಿ ಇಳಿಸುತ್ತಿದ್ದೇನೆ.

ಸಿಂಹಾಸನದ ಮೇಲೆ ಕೂತವರು

ನನ್ನ ಅಂಗಡಿ ಇರುವುದು ಫ್ರಿಸ್ಕೋಗೆ ಹೋಗುವ ದಾರಿಯ ಒಂದು ಸ್ಟ್ರಿಪ್ ಮಾಲ್‌ನಲ್ಲಿ, ಅಂದರೆ ರಸ್ತೆಬದಿಯ ಸಾಲಂಗಡಿಗಳಲ್ಲಿ. ಪಕ್ಕದಲ್ಲಿ ಒಬ್ಬ ಜಾರ್ಜಿಯಾದ ಹೆಂಗಸಿನ ಬೇಕರಿ. ಜಾರ್ಜಿಯಾ ಅಂದರೆ ಅಟ್ಲಾಂಟಾ ಇರುವ ರಾಜ್ಯವಲ್ಲ; ಕಪ್ಪು ಸಮುದ್ರದ ದಡದ ದೇಶ. ದೋಣಿಯ ಆಕಾರದ ಬ್ರೆಡ್ಡಿನ ಹೊಟ್ಟೆಗೆ ಚೀಸ್ ತುಂಬಿ ಬೇಯಿಸುತ್ತಾಳೆ. ಒಂದು ತಿಂದರೆ ನಮ್ಮಂಥವರಿಗೆ ರಾತ್ರಿ ಊಟ ಬೇಡ.

ಒಂದು ದಿನ ಬೆಳಿಗ್ಗೆ ಅವಳ ತಂದೆ ನನ್ನ ಅಂಗಡಿಗೆ ಬಂದರು. ಎಂಬತ್ತು ದಾಟಿದ ಮನುಷ್ಯ. ಬೆಳ್ಳನೆಯ ಗಡ್ಡ, ಹದ್ದಿನ ಮೂಗು, ನೆಟ್ಟಗಿನ ಬೆನ್ನು. "ನಮಸ್ಕಾರ" ಇಲ್ಲ, "ಹಲೋ" ಇಲ್ಲ. ಸೀದಾ ಹೋಗಿ, ಕೆಂಪು ವೆಲ್ವೆಟ್ಟಿನ, ಸಿಂಹದ ಮುಖದ ಕೈಗಳಿರುವ ನನ್ನ ಅತಿ ದೊಡ್ಡ ಸಿಂಹಾಸನದಲ್ಲಿ ಕೂತರು. ಅದು ವರನಿಗೆಂದು ತರಿಸಿದ್ದು. ಆದರೆ ಅದರಲ್ಲಿ ಕೂತ ಯಾವ ವರನೂ ಇಂಟರ್‌ವ್ಯೂಗೆ ಬಂದವನ ಹಾಗೆ ಕಾಣದೇ ಇರಲಿಲ್ಲ. ಇವರು ಕೂತ ಮೇಲೆ ಅದು ಸಿಂಹಾಸನ ಅಂತ ನನಗೇ ಖಾತ್ರಿಯಾಯಿತು.

"ಏನು ಕೆಲಸ ಮಾಡ್ತಿದ್ರಿ?" ಅಂದೆ.

"ಸಿನಿಮಾ ನಟ. ಚಿಕ್ಕಂದಿನಿಂದ," ಅಂದರು. ಅವರ ಇಂಗ್ಲಿಷಿನಲ್ಲಿ ಮಾತು ಕಡಿಮೆ, ಅಭಿನಯ ಹೆಚ್ಚು. ನಾನಿಲ್ಲಿ ಎರಡನ್ನೂ ಸೇರಿಸಿ ಕನ್ನಡಕ್ಕೆ ತಂದುಕೊಳ್ಳುತ್ತಿದ್ದೇನೆ. "ರಾಜನ ಪಾತ್ರ ಬಹಳ ಮಾಡಿದ್ದೇನೆ. ಇದರ ಬೆನ್ನು ಚೆನ್ನಾಗಿದೆ. ನಮ್ಮ ಸ್ಟುಡಿಯೋದ್ದರಲ್ಲಿ ಮೊಳೆ ಚುಚ್ಚುತ್ತಿತ್ತು."

ಅಷ್ಟರಲ್ಲಿ ಸೌತ್‌ಲೇಕ್‌ನಿಂದ ಒಬ್ಬ ಯಜಮಾನರು ಹೆಂಡತಿಯ ಜೊತೆ ಬಂದರು. ಮಗನ ಮದುವೆ. ಮೂರು ಸಲ ಬಂದು ಮೂರು ಸಲವೂ ಇದೇ ಸಿಂಹಾಸನಕ್ಕೆ "ಸ್ವಲ್ಪ ಆಡಂಬರ ಆಯ್ತಲ್ವಾ?" ಅಂತ ಮೂಗು ಮುರಿದು ಹೋಗಿದ್ದರು. ನಾಲ್ಕನೆಯ ಸಲವೂ ಅದೇ ರಾಗ ತೆಗೆದರು.

ನಟರು ಮೆಲ್ಲಗೆ ಎದ್ದರು. ಆ ಏಳುವುದರಲ್ಲೇ ಒಂದು ರಾಜ್ಯ ಬಿಟ್ಟುಕೊಟ್ಟ ಗಾಂಭೀರ್ಯವಿತ್ತು. ಸೌತ್‌ಲೇಕ್ ಯಜಮಾನರ ಕೈ ಹಿಡಿದು ತಂದು ಕೂರಿಸಿದರು. ಎರಡು ಹೆಜ್ಜೆ ಹಿಂದೆ ಸರಿದು, ಎದೆಯ ಮೇಲೆ ಕೈಯಿಟ್ಟು ತಲೆ ಬಾಗಿಸಿದರು. ಮೂವತ್ತು ವರ್ಷ ಆಯಿಲ್ ಕಂಪನಿಯಲ್ಲಿ ಮ್ಯಾನೇಜರುಗಳಿಗೆ ತಲೆ ಬಾಗಿಸಿದ ಮನುಷ್ಯ ಅವರು. ತಮಗೆ ಯಾರಾದರೂ ಬಾಗಿದ್ದು ಅದೇ ಮೊದಲಿರಬೇಕು. ಕಣ್ಣು ತುಂಬಿಕೊಂಡವು.

"ಬುಕ್ ಮಾಡಿ," ಅಂದರು. ಆಮೇಲೆ ದನಿ ತಗ್ಗಿಸಿ, "ಇವರೂ ಸಿಂಹಾಸನದ ಜೊತೆ ಬರ್ತಾರಾ?" ಅಂದರು.

"ಬರ್ತಾರೆ. ಆದರೆ ಅವರಿಗೆ ಡೆಪಾಸಿಟ್ ಜಾಸ್ತಿ," ಅಂದೆ.

ಬಾಣ ತಗುಲಿದ ಮೇಲೆ

ಅಂದಿನಿಂದ ಅವರು ದಿನಾ ಬಂದು ಕೂರತೊಡಗಿದರು. ನನ್ನದು ಚಹಾ, ಅವರದು ರಾಜಗಾಂಭೀರ್ಯ. ಇಬ್ಬರಿಗೂ ನಷ್ಟವಿಲ್ಲದ ವ್ಯವಹಾರ. ನಮ್ಮ ಗಿರಾಕಿಗಳು ಅವರನ್ನು ಜಾರ್ಜಿಯಾ ಅಂಕಲ್ ಅಂತ ಕರೆದರು, ಅದೇ ನಿಂತಿತು.

ಅವರ ಸಿನಿಮಾ ಜೀವನದ ಕಥೆ ಕೇಳುತ್ತಾ ಹೋದ ಹಾಗೆ ನನಗೊಂದು ವಿಷಯ ಗಮನಕ್ಕೆ ಬಂತು.

"ಅಂಕಲ್, ನಿಮ್ಮ ಮೊದಲ ಸಿನಿಮಾ?"

"ಕುರಿ ಕಾಯುವ ಹುಡುಗ. ಹಿಮ ಕುಸಿದು ಸತ್ತೆ."

"ಆಮೇಲೆ?"

"ಸೈನಿಕ. ಗುಂಡು. ಆಮೇಲೆ ಪ್ರೇಮಿ, ನದಿಯಲ್ಲಿ ಮುಳುಗಿದೆ. ಆಮೇಲೆ ರಾಜ, ವಿಷ. ಇನ್ನೊಬ್ಬ ರಾಜ, ತಮ್ಮನೇ ಇರಿದ."

"ಸ್ಟೇಷನ್ ಮಾಸ್ಟರ್ ಮಾಡಿದ್ದೆ ಅಂದಿರಲ್ಲ?"

"ರೈಲು," ಅಂದರು.

ಹುಬ್ಬು, ಕೊರಳು, ಬಿದ್ದರೆ ಕಾಣುವ ಎತ್ತರ. ಯಾವ ನಿರ್ದೇಶಕ ನೋಡಿದರೂ "ಇವನು ಸತ್ತರೆ ಚೆನ್ನಾಗಿರುತ್ತದೆ" ಅಂತಲೇ ಅನ್ನಿಸುತ್ತಿತ್ತಂತೆ. ಒಂದೇ ಒಂದು ಸಿನಿಮಾದಲ್ಲಿ ಪಾದ್ರಿಯಾಗಿ, ನಾಯಕ ನಾಯಕಿಗೆ ಮದುವೆ ಮಾಡಿಸಿ, ಜೀವಸಹಿತ ಮನೆಗೆ ಹೋದರಂತೆ. ಆ ದೃಶ್ಯವನ್ನು ದೇವರನ್ನೊಪ್ಪದ ಆಗಿನ ಕಮ್ಯುನಿಸ್ಟ್ ಸರ್ಕಾರದ ಸೆನ್ಸಾರಿನವರು ಕತ್ತರಿಸಿದರು.

ತಾನೊಬ್ಬ ದೊಡ್ಡ ನಟ ಅನ್ನುವ ಹೆಮ್ಮೆ ಅವರಿಗೆ ಇದ್ದೇ ಇತ್ತು. ಆದರೆ ಇಲ್ಲಿಗೆ ಬಂದ ಮೇಲೆ ಒಂದು ತೊಂದರೆ ಶುರುವಾಗಿತ್ತು. ಅವರಿಗೆ ಆರು ವರ್ಷದ ಒಬ್ಬ ಮರಿಮೊಮ್ಮಗಳು. ಮುತ್ತಜ್ಜನ ಸಿನಿಮಾ ನೋಡಬೇಕು ಅಂತ ಹಟ. ಹಾಕುವುದು, ಇವರು ಸಾಯುವ ಮೊದಲು ಅರ್ಧಕ್ಕೆ ನಿಲ್ಲಿಸುವುದು. ಒಂದು ಸಲ ಯಾರೋ ನಿಲ್ಲಿಸುವುದು ಮರೆತರು. ಪಾಪ, ಮಗು ಎರಡು ದಿನ ಅವರ ಅಂಗಿ ಹಿಡಿದುಕೊಂಡೇ ಓಡಾಡಿತಂತೆ. ಆಮೇಲೆ ಕೇಳಿತಂತೆ: "ನೀನು ಸಾಯದೇ ಇರೋದು ಒಂದೂ ಇಲ್ವಾ?"

"ಇಲ್ಲ," ಅಂದರು ನನಗೆ. "ಅದೊಂದು ಬೇಕು. ಕೊನೆಯ ರೀಲಿನವರೆಗೂ ಬದುಕಿರುವ ಒಂದು ಪಾತ್ರ. ಆಮೇಲೆ ನಿಜವಾಗಿ ಸತ್ತರೂ ಅಡ್ಡಿಯಿಲ್ಲ."

"ಈ ವಯಸ್ಸಿನಲ್ಲಿ ಯಾರು ಪಾತ್ರ ಕೊಡ್ತಾರೆ ಅಂಕಲ್?" ಅಂದೆ. ವ್ಯಾಪಾರಿ ನಾನು, ಇಲ್ಲದ ಮಾಲು ಇದೆ ಅನ್ನುವುದಿಲ್ಲ.

ಅವರಿಗೆ ರೋಷ ಬಂತು. "ನನಗೆ ಈಗಲೂ ಏನು ಬರುತ್ತದೆ ನೋಡು," ಅಂತ ಎದ್ದು, ಬಾಣ ತಗುಲುವ ದೃಶ್ಯ ತೋರಿಸಿದರು. ಮಂಟಪದ ಕಂಬಕ್ಕೆ ಒರಗಿ, ಎದೆ ಹಿಡಿದು, ಇಂಚಿಂಚಾಗಿ ಜಾರಿ ನೆಲಕ್ಕೆ ಬಂದರು. ಸತ್ತರು.

ಅದೇ ಹೊತ್ತಿಗೆ ಬಾಗಿಲು ತೆರೆದುಕೊಂಡು ಒಬ್ಬ ಡಾಕ್ಟರು ಒಳಗೆ ಬರಬೇಕೇ? ಧಾರವಾಡದ ಕಡೆಯವರು, ಹ್ಯೂಸ್ಟನ್ನಿನ ಕೇಟಿಯಲ್ಲಿ ಮನೆ, ಹೃದಯದ ಡಾಕ್ಟರಾಗಿ ರಿಟೈರ್ ಆದವರು. ಮಗಳ ಮದುವೆಗೆ ಮಂಟಪ ನೋಡಲು ಅಲ್ಲಿಂದ ಡ್ರೈವ್ ಮಾಡಿಕೊಂಡು ಬಂದಿದ್ದರು. ನೋಡಿದರೆ ಮಂಟಪದ ಕೆಳಗೆ ಹೆಣ.

"ಸರೀರಿ, ಸರೀರಿ! ಗಾಳಿ ಬಿಡ್ರಿ!" ಅಂತ ಕನ್ನಡಕ ಎಸೆದು ಮಂಡಿಯೂರಿದರು. ಉಸಿರಿಲ್ಲ. ಉಸಿರು ಬಿಗಿಹಿಡಿಯುವುದರಲ್ಲಿ ಜಾರ್ಜಿಯಾ ಅಂಕಲ್ ಪಳಗಿದವರು, ನದಿಯಲ್ಲಿ ಮುಳುಗಿದವರಲ್ಲವೇ!

"ಡಾಕ್ಟ್ರೇ, ಆ್ಯಕ್ಟಿಂಗು! ಅದು ಆ್ಯಕ್ಟಿಂಗು!" ಅಂದೆ.

"ಎಲ್ಲಾ ಮನಿಯವ್ರೂ ಮೊದ್ಲಿಗೆ ಹಂಗs ಅಂತಾರ್ರೀ," ಅಂತ ಎದೆಯ ಮೇಲೆ ಎರಡೂ ಕೈಯಿಟ್ಟು ಒತ್ತಿದರು.

ಹೆಣ ತಟ್ಟನೆ ಎದ್ದು ಕೂತಿತು. ಎದ್ದು ಡಾಕ್ಟರಿಗೆ ಬೈಯತೊಡಗಿತು. ಯಾಕೆಂದರೆ ಬಾಣ ಬಿದ್ದ ಮೇಲೆ, ಪೂರ್ತಿ ಸಾಯುವ ಮೊದಲು, ಕೊನೆಯ ಬಾರಿ ಕಣ್ಣು ತೆರೆದು ತಾಯಿಯ ಕಡೆ ನೋಡುವುದಿದೆ. ಅದೇ ಆ ದೃಶ್ಯದ ಜೀವಾಳ. ಈ ಮನುಷ್ಯ ನಡುವೆ ಬಂದು ಅದನ್ನು ಕೆಡಿಸಿದ.

ಡಾಕ್ಟರು ಕನ್ನಡಕ ಹುಡುಕಿಕೊಂಡು ಹಾಕಿ, ನನ್ನ ಕಡೆ ತಿರುಗಿದರು. "ಸಾಯಿಸಿದ್ದಕ್ಕ ಬೈಸಿಕೊಂಡವರನ್ನ ನೋಡೇನ್ರಿ. ಬದುಕಿಸಿದ್ದಕ್ಕ ಬೈಸಿಕೊಂಡಿದ್ದು ನನ್ನ ಸರ್ವೀಸಿನಾಗ ಇದs ಮೊದಲು."

ಕೇಟಿಯ ಪಂಕ್ತಿ

ಎದೆ ಒತ್ತಿದ ಪಾಪಕ್ಕೆ ಡಾಕ್ಟರು ಅಂಕಲನ್ನು ಮಗಳ ಮದುವೆಗೆ ಕರೆದರು. ನಾನು ಹೇಗೂ ಮಂಟಪ ತೆಗೆದುಕೊಂಡು ಹ್ಯೂಸ್ಟನ್‌ಗೆ ಹೋಗಬೇಕು. ವ್ಯಾನಿನ ಮುಂದಿನ ಸೀಟಿನಲ್ಲಿ ರಾಜರು ಕೂತರು. ದಾರಿಯುದ್ದಕ್ಕೂ ಒಂದೇ ಪ್ರಶ್ನೆ: "ನಿಮ್ಮವರು ಅಮೆರಿಕದಲ್ಲಿ ಸಿನಿಮಾ ತೆಗೆಯುತ್ತಾರಾ?"

"ತೆಗೆಯುತ್ತಾರೆ, ಮದುವೆ ವಿಡಿಯೋ," ಅಂದೆ.

ಮದುವೆ ಚೆನ್ನಾಗಿ ಆಯಿತು. ತೊಂದರೆ ಊಟದಲ್ಲಿ. ಡಾಕ್ಟರಿಗೆ ಬಾಳೆಎಲೆಯ ಪಂಕ್ತಿಯೇ ಆಗಬೇಕೆಂಬ ಆಸೆ. ಹಾಲ್‌ನಲ್ಲಿ ಉದ್ದನೆಯ ಟೇಬಲ್ ಜೋಡಿಸಿ ಎಲೆ ಹಾಕಿಸಿ, ವಯಸ್ಸಿನಲ್ಲಿ ಎಲ್ಲರಿಗಿಂತ ಹಿರಿಯರೆಂದು ಜಾರ್ಜಿಯಾ ಅಂಕಲನ್ನು ಮೊದಲ ಎಲೆಗೆ ಕೂರಿಸಿದರು.

ನಮ್ಮಲ್ಲಿ ಹಿರಿಯರು ಏಳುವವರೆಗೆ ಪಂಕ್ತಿಯಲ್ಲಿ ಯಾರೂ ಏಳಬಾರದು. ಅಂಕಲ್ ದೇಶದಲ್ಲಿ, ಮನೆಯವನು ಬಡಿಸುತ್ತಿರುವಾಗ ಅತಿಥಿ ಎದ್ದರೆ ಅದು ಮಹಾ ಅವಮಾನ. ಇನ್ನು ಹೆಣ್ಣಿನ ತಂದೆ, ಅತಿಥಿ ತಿನ್ನುತ್ತಿರುವವರೆಗೆ ಬಡಿಸುವುದು ನಿಲ್ಲಿಸಬಾರದು. ಈ ಮೂರೂ ಕಾನೂನು ಒಂದೇ ಟೇಬಲ್ಲಿಗೆ ಬಂದು ಕೂತವು.

ಡಾಕ್ಟರು ಹೋಳಿಗೆ ಹಾಕಿದರು. ಅಂಕಲ್ ತಿಂದರು. "ಇಷ್ಟ ಆಗೇದ ಪಾಪ," ಅಂತ ಇನ್ನೊಂದು ಹಾಕಿದರು. ಅದನ್ನೂ ತಿಂದರು. ತುಪ್ಪ ಬಂತು, ಚಿರೋಟಿ ಬಂತು, ಮತ್ತೆ ಅನ್ನ ಬಂತು. ಉಳಿದವರೆಲ್ಲ ಮೊಸರನ್ನ ಮುಗಿಸಿ, ಒಣಗುತ್ತಿರುವ ಬೆರಳುಗಳನ್ನು ಗಾಳಿಯಲ್ಲಿ ಎತ್ತಿ ಹಿಡಿದು, ಆಪರೇಷನ್ನಿಗೆ ಸಿದ್ಧರಾದ ಸರ್ಜನ್ನರ ಹಾಗೆ ಕೂತಿದ್ದರು. ಅವರಲ್ಲಿ ನಿಜವಾದ ಸರ್ಜನ್ನರೂ ಇದ್ದರು. ಎರಡನೆಯ ಪಂಕ್ತಿಯವರು ಆಗಲೇ ಬಂದು ಕುರ್ಚಿಗಳ ಹಿಂದೆ ನಿಂತಿದ್ದರು. ಹಸಿದವರ ಉಸಿರು ಕತ್ತಿಗೆ ತಾಗುತ್ತಿತ್ತು.

ಅಂಕಲ್ ನನ್ನ ಕಡೆ ಬಾಗಿದರು. ಹಣೆಯಲ್ಲಿ ಬೆವರು. "ಎಲ್ಲ ಥರದ ಸಾವೂ ಸತ್ತಿದ್ದೇನೆ. ತಿಂದು ಸಾಯುವುದು ಮಾತ್ರ ಬಾಕಿ ಇತ್ತು."

"ಏಳಿ ಮತ್ತೆ!"

"ಬಡಿಸುತ್ತಿದ್ದಾನಲ್ಲ!"

ಕೊನೆಗೆ ಅವರಿಗೇ ಒಂದು ದಾರಿ ಹೊಳೆಯಿತು. ಅವರ ಊರಲ್ಲಿ ಹಿರಿಯ ಅತಿಥಿ ಎದ್ದು ನಿಂತು, ಪಾನಪಾತ್ರೆ ಎತ್ತಿ, ಮನೆತನಕ್ಕೆ ಶುಭ ಕೋರಿ ಭಾಷಣ ಮಾಡುವ ಪದ್ಧತಿಯಿದೆ. ಆಗ ಬಡಿಸುವವನು ಕೈ ಕಟ್ಟಿ ನಿಲ್ಲಲೇಬೇಕು. ಅಂಕಲ್ ನೀರುಮಜ್ಜಿಗೆಯ ಲೋಟ ಹಿಡಿದು ಎದ್ದರು.

ಅವರು ಏಳುತ್ತಲೇ ಇಡೀ ಪಂಕ್ತಿ ಧಡಕ್ಕನೆ ಎದ್ದಿತು. ಅಂಕಲ್ ಗದ್ಗದಿತರಾದರು. ಇಷ್ಟು ದೊಡ್ಡ ಗೌರವ! ಎದೆಯುಬ್ಬಿಸಿ, ಲೋಟ ಎತ್ತಿ, "ಸ್ನೇಹಿತರೇ..." ಅನ್ನುವಷ್ಟರಲ್ಲಿ ಸ್ನೇಹಿತರು ಕೈ ತೊಳೆಯಲು ಓಡಿಹೋಗಿದ್ದರು.

ಉಳಿದವರು ಕುರ್ಚಿಯ ಹಿಂದೆ ಕಾಯುತ್ತಿದ್ದವರು. ಅಂಕಲ್ ಎದೆಗುಂದಲಿಲ್ಲ. ತಿರುಗಿ ಅವರಿಗೇ ಭಾಷಣ ಮಾಡಿದರು. ವಧುವಿಗೆ, ವರನಿಗೆ, ಅವರವರ ತಾಯಂದಿರಿಗೆ, ಪರ್ವತಗಳಿಗೆ, ತೀರಿಹೋದ ಹಿರಿಯರಿಗೆ. ಹಸಿದವರು ಮಿಸುಕಲಿಲ್ಲ. ಅವರಲ್ಲೊಬ್ಬ ಹುಡುಗಿ ಬಾಯಿ ತೆರೆದುಕೊಂಡು ನೋಡುತ್ತಿದ್ದಳು. ಆಸ್ಟಿನ್ನಿನಲ್ಲಿರುವ ಡಾಕ್ಟರ ತಮ್ಮನ ಮಗಳು, ಸಿನಿಮಾ ಕಲಿತು ಸ್ವಂತಕ್ಕೆ ಚಿತ್ರ ಮಾಡುವವಳು.

ಭಾಷಣ ಮುಗಿದ ಮೇಲೆ ಅಂಕಲ್ ನನ್ನ ಕಿವಿಯಲ್ಲಿ ಅಂದರು: "ಎಂಥ ಪ್ರೇಕ್ಷಕರು! ಕಣ್ಣು ಮಿಟುಕಿಸದೆ ನನ್ನನ್ನೇ ನೋಡುತ್ತಿದ್ದರು."

"ನಿಮ್ಮನ್ನಲ್ಲ, ನಿಮ್ಮ ಕುರ್ಚಿಯನ್ನ," ಅಂದೆ.

ಗಂಧದ ಹಾರ

ವಾರದೊಳಗೆ ಆಸ್ಟಿನ್ ಹುಡುಗಿಯ ಫೋನ್ ಬಂತು. ನಾನು ಕನ್ನಡದಲ್ಲಿ ಕೇಳಿದರೆ ಅವಳು ಇಂಗ್ಲಿಷಿನಲ್ಲಿ ಉತ್ತರಿಸುತ್ತಾಳೆ. ಹಾಗೇ ನಮ್ಮ ಮಾತುಕತೆ ಸಾಗುತ್ತದೆ. ಒಂದು ಸಣ್ಣ ಚಿತ್ರ ಮಾಡುತ್ತಿದ್ದಾಳೆ, ಅಂಕಲ್ ಬೇಕು.

ಅಂಕಲ್ ಫೋನ್ ಕಸಿದುಕೊಂಡರು. "ಎಷ್ಟು ದೃಶ್ಯ?"

"ಎಲ್ಲಾ ದೃಶ್ಯಗಳಲ್ಲೂ ನೀವಿರ್ತೀರಿ, ಅಂಕಲ್. ಮೊದಲಿನಿಂದ ಕೊನೆವರೆಗೆ."

"ನಾನು ಸಾಯುತ್ತೇನಾ?"

"ನೋ, ನೋ. ಚಿತ್ರದಲ್ಲಿ ಎಲ್ಲೂ ಸಾಯಲ್ಲ."

ಅಂಕಲ್ ತಮ್ಮ ದೇಶಕ್ಕೆಲ್ಲ ಫೋನ್ ಮಾಡಿದರು. ಮರಿಮೊಮ್ಮಗಳಿಗೆ ಆಣೆ ಇಟ್ಟು ಹೇಳಿದರು. ಆಸ್ಟಿನ್‌ಗೆ ಹೋಗಿ ಬಂದರು. ನಾನು ಆಗ ಒಂದು ದೊಡ್ಡ ಆರ್ಡರಿಗೆ ಹ್ಯೂಸ್ಟನ್‌ನಲ್ಲಿದ್ದೆ. ಫೋನಿನಲ್ಲಿ ಕೇಳಿದರೆ ಸ್ವಲ್ಪ ಗೊಂದಲದ ದನಿ: "ಒಂದೇ ಗಂಟೆಯಲ್ಲಿ ಮುಗಿಯಿತು. ಬರೇ ಫೋಟೋ ತೆಗೆದರು. ಮಾತು ಆಮೇಲೆ ಸೇರಿಸುತ್ತಾರೋ ಏನೋ. ಆದರೆ ಗೌರವ ಅಂದರೆ ನಿಮ್ಮವರದು! ನನ್ನ ಫೋಟೋಗೆ ಕಟ್ಟು ಹಾಕಿಸಿ, ಚಿನ್ನದ ಬಣ್ಣದ ಹಾರ ಹಾಕಿ, ಶೂಟಿಂಗ್ ಮುಗಿದ ಮೇಲೆ ನನಗೇ ಕೊಟ್ಟುಬಿಟ್ಟರು. ನಮ್ಮಲ್ಲಿ ನಟನಿಗೆ ಹೂ ಎಸೆಯುತ್ತಾರೆ, ಒಂದು ದಿನಕ್ಕೆ ಬಾಡುತ್ತದೆ. ಇದು ಬಾಡುವುದೇ ಇಲ್ಲ!"

ಲೈನ್ ಕಟ್ ಆಯಿತು. ನನಗೆ ಆಗ ಹೊಳೆಯಿತು. ಬಾಡದ ಆ ಹಾರ ಗಂಧದ ಹಾರ.

ಮರುದಿನ ವಾಪಸ್ ಬಂದು ನೋಡುತ್ತೇನೆ, ಬೇಕರಿಯ ಮುಂದೆ ಕಾರುಗಳ ಸಾಲು. ಕಿಟಕಿಯಲ್ಲಿ ಅಂಕಲ್‌ರ ಫೋಟೋ, ಗಂಧದ ಹಾರ, ಚೆನ್ನಾಗಿ ಕಾಣಲೆಂದು ಮಗಳು ಪಕ್ಕದಲ್ಲಿಟ್ಟ ಒಂದು ಚಿಕ್ಕ ದೀಪ. ನಮ್ಮವರಿಗೆ ಇನ್ನೇನು ಬೇಕು? ಫ್ರಿಸ್ಕೋದಿಂದ ಆಂಟಿಯರೆಲ್ಲ ಸಾರು, ಅನ್ನ, ಹೆಸರುಬೇಳೆ ಪಾಯಸ ಹಿಡಿದುಕೊಂಡು ಬಂದಿದ್ದರು.

ಬೇಕರಿಯ ಹೆಂಗಸು ಕಂಗಾಲಾಗಿದ್ದಳು. "ನಿಮ್ಮವರು ತುಂಬಾ ಒಳ್ಳೆಯವರು. ಬೆಳಿಗ್ಗೆಯಿಂದ ಬಂದು ಅಪ್ಪಿಕೊಳ್ಳುತ್ತಿದ್ದಾರೆ. ಊಟ ಕೊಡುತ್ತಿದ್ದಾರೆ. ಆದರೆ ನನಗೆ ಒಲೆ ಹಚ್ಚಲು ಬಿಡುತ್ತಿಲ್ಲ! ಬ್ರೆಡ್ ಹೇಗೆ ಮಾಡಲಿ?"

"ಇವತ್ತು ನೀನು ಒಲೆ ಮುಟ್ಟಬಾರದಮ್ಮ," ಅಂತ ಒಬ್ಬ ಆಂಟಿ ಅವಳ ಕೈ ಸವರಿದರು. ಇನ್ನೊಬ್ಬರು ಕಣ್ಣೊರೆಸಿಕೊಂಡು, "ಹಣ್ಣೆಲೆ ಉದುರಿತು. ಎಂಥ ರಾಜಕಳೆ! ನಮ್ಮ ಮದುವೆ ಸ್ಟೇಜಿಗೇ ಒಂದು ಶೋಭೆ ಇತ್ತು," ಅಂದರು.

ಹಿಂದಿನ ಕೋಣೆಯ ಪರದೆ ಸರಿಯಿತು. ಸಾರನ್ನದ ಬಟ್ಟಲು ಹಿಡಿದ ಹಣ್ಣೆಲೆ ಹೊರಗೆ ಬಂದು, ಎದೆಯ ಮೇಲೆ ಕೈಯಿಟ್ಟು ತಲೆ ಬಾಗಿಸಿತು. ತಮ್ಮನ್ನು ಹೊಗಳುತ್ತಿದ್ದಾರೆಂದು ಮಾತ್ರ ಅವರಿಗೆ ತಿಳಿದಿತ್ತು.

ಆಂಟಿಯ ಕೂಗಿಗೆ ಮಾಲ್‌ನ ಸೆಕ್ಯೂರಿಟಿಯವನು ಓಡಿಬಂದ. ಪಾಯಸ ಹಿಂದಿನ ದಿನದ ಚೀಸ್ ಬ್ರೆಡ್ಡುಗಳ ಮೇಲೆ ಹೋಯಿತು. ಎಲ್ಲರನ್ನೂ ಸಮಾಧಾನ ಮಾಡಿ ಕಳಿಸಿದ ಮೇಲೆ ನಾನು ಅಂಕಲನ್ನು ಕೂರಿಸಿ, ನಮ್ಮಲ್ಲಿ ಗೋಡೆಯ ಫೋಟೋಗೆ ಗಂಧದ ಹಾರ ಯಾವಾಗ ಹಾಕುತ್ತಾರೆ, ಆ ಚಿತ್ರದಲ್ಲಿ ಅವರ ಪಾತ್ರವೇನು ಅಂತ ಬಿಡಿಸಿ ಹೇಳಿದೆ.

ಅಂಕಲ್ ಕಿಟಕಿಯ ಫೋಟೋದ ಕಡೆ ತಿರುಗಿದರು. ಮರಿಮೊಮ್ಮಗಳಿಗೆ ಏನು ಹೇಳಲಿ ಅನ್ನುವ ಚಿಂತೆ ಮುಖದಲ್ಲಿ ಕಾಣುತ್ತಿತ್ತು. ಆಮೇಲೆ ನಿಟ್ಟುಸಿರು ಬಿಟ್ಟು ಅಂದರು: "ನಮ್ಮ ನಿರ್ದೇಶಕರು ಎಷ್ಟೇ ಕಟುಕರಾದರೂ ಒಂದೆರಡು ರೀಲು ತಡೆಯುತ್ತಿದ್ದರು. ನಿಮ್ಮವರು ಸಿನಿಮಾ ಶುರುವಾಗುವ ಮೊದಲೇ ಮುಗಿಸಿಬಿಟ್ಟಿದ್ದಾರೆ!"

ನಿದ್ದೆ ಮಾಡುವುದು ಹೇಗೆ

ಈ ಸುದ್ದಿ ಕೇಳಿ ಆಸ್ಟಿನ್ ಹುಡುಗಿಗೆ ನಿಜಕ್ಕೂ ಕೆಡುಕೆನಿಸಿತು. ಸೀದಾ ಡಲ್ಲಾಸ್‌ಗೆ ಬಂದು ಅಂಕಲ್ ಮುಂದೆ ಕೂತಳು. ಅವಳ ಹತ್ತಿರ ಒಂದು ಪೂರ್ಣ ಚಿತ್ರದ ಕಥೆಯಿತ್ತು. ಒಂದು ಕನ್ನಡ ಕುಟುಂಬ. ಮಗ, ಸೊಸೆ, ಮಗಳು ದಿನವಿಡೀ ಜಗಳ. ಅಜ್ಜ ಮಾತಾಡುವುದಿಲ್ಲ, ಕುರ್ಚಿಯಲ್ಲಿ ಕೂತು ನೋಡುತ್ತಿರುತ್ತಾನೆ. ಕೊನೆಯ ದೃಶ್ಯದಲ್ಲಿ ಅಜ್ಜ ಮಧ್ಯಾಹ್ನ ನಿದ್ದೆ ಹೋಗುತ್ತಾನೆ, ಜಗಳವಾಡುವವರು ಗಾಬರಿಯಾಗಿ ಸುತ್ತ ಸೇರುತ್ತಾರೆ, ಅವನು ಕಣ್ಣು ಬಿಟ್ಟು ಕನ್ನಡದಲ್ಲಿ ಒಂದೇ ಮಾತು ಹೇಳುತ್ತಾನೆ: "ಎಲ್ಲರೂ ಇಲ್ಲೇ ಇದ್ದೀರಲ್ಲ, ಅಷ್ಟು ಸಾಕು." ಮುಗಿಯಿತು.

"ಬದುಕಿರುತ್ತೇನೆ?" ಅಂದರು ಅಂಕಲ್.

"ಪ್ರಾಮಿಸ್," ಅಂದಳು.

"ಫೋಟೋ ಅಲ್ಲ?"

"ಫೋಟೋ ಅಲ್ಲ."

ಕುರ್ಚಿ, ದೀಪ, ದಿವಾನ ಎಲ್ಲ ನನ್ನ ಅಂಗಡಿಯದೇ. ಹಾಗಾಗಿ ಕೊನೆಯ ದಿನದ ಶೂಟಿಂಗಿಗೆ ನಾನೇ ವ್ಯಾನ್ ಓಡಿಸಿಕೊಂಡು ಆಸ್ಟಿನ್‌ಗೆ ಹೋದೆ. ಬಾಡಿಗೆ ಮನೆ. ಸಂಜೆ ಬಿಟ್ಟುಕೊಡಬೇಕು. ಉಳಿದದ್ದು ಇದೊಂದೇ ದೃಶ್ಯ.

"ಆ್ಯಕ್ಷನ್!" ಅಂದಳು. ಅಂಕಲ್ ಕುರ್ಚಿಗೆ ಒರಗಿ ಕಣ್ಣು ಮುಚ್ಚಿದರು. ತುಟಿ ಸಣ್ಣಗೆ ನಡುಗಿತು. ಬಲಗೈ ಕುರ್ಚಿಯ ಅಂಚಿನಿಂದ ಜಾರಿ ತೂಗಾಡಿ, ನಿಂತಿತು. ತಲೆ ಪಕ್ಕಕ್ಕೆ ವಾಲಿತು. ಸೊಸೆಯ ಪಾತ್ರ ಮಾಡುತ್ತಿದ್ದಾಕೆ, ಹಗಲು ಸಾಫ್ಟ್‌ವೇರ್ ಕೆಲಸದವಳು, "ಅಯ್ಯೋ ಮಾವಾ!" ಅಂತ ನಿಜವಾಗಿ ಅತ್ತುಬಿಟ್ಟಳು. ಕ್ಯಾಮೆರಾದವನೂ ಮೂಗು ಸೀಟಿದ.

"ಕಟ್! ಅಂಕಲ್, ಬರೇ ನಿದ್ದೆ! ಜಸ್ಟ್ ಸ್ಲೀಪ್!"

"ನಿದ್ದೆಯೇ ಮಾಡಿದೆ," ಅಂದರು ಅಂಕಲ್.

ಎರಡನೆಯ ಸಲ ಇನ್ನೂ ಚೆನ್ನಾಗಿ ಸತ್ತರು. ಮೂರನೆಯ ಸಲ ಸಾಯುವ ಮೊದಲು ತಾಯಿಯ ಕಡೆ ನೋಡಿದರು. ಹುಡುಗಿ ತಲೆ ಮೇಲೆ ಕೈಹೊತ್ತು ಕೂತಳು. ಅಂಕಲ್ ಮುಖವೂ ಬಾಡಿತು. "ನನಗೆ ಬರುತ್ತಿಲ್ಲ," ಅಂದರು ನನಗೆ, ಮೆಲ್ಲಗೆ. "ಕ್ಯಾಮೆರಾದ ಎದುರು ಕಣ್ಣು ಮುಚ್ಚಿದ ಮೇಲೆ ನಾನು ಯಾವತ್ತೂ ಎದ್ದಿಲ್ಲ. ಏಳಬೇಕೆಂದರೆ ಹೇಗೆ ಮಲಗಬೇಕು?"

"ಇದೇನು ದೊಡ್ಡ ವಿಷಯ?" ಅಂದೆ. "ನೋಡಿ, ಹೀಗೆ." ಅಂತ ಎದುರಿಗಿದ್ದ ದಿವಾನಕ್ಕೆ ಒರಗಿ ಕಣ್ಣು ಮುಚ್ಚಿದೆ. ಬೆಳಗಿನ ಜಾವ ಎದ್ದು ಟ್ರಾಫಿಕ್‌ನಲ್ಲಿ ಡ್ರೈವ್ ಮಾಡಿದ್ದೆ, ಮಧ್ಯಾಹ್ನಕ್ಕೆ ಬಿಸಿಬೇಳೆಬಾತ್ ಜಗ್ಗಿದ್ದೆ. ಆಮೇಲೆ ಏನಾಯಿತು ನನಗೆ ಗೊತ್ತಿಲ್ಲ.

ಕಣ್ಣು ಬಿಟ್ಟಾಗ ಅಂಕಲ್ ತಮ್ಮ ಕುರ್ಚಿಯನ್ನು ನನ್ನ ಮೂಗಿನ ಹತ್ತಿರಕ್ಕೆ ಎಳೆದುಕೊಂಡು, ಪೊಲೀಸರ ಹಾಗೆ ನನ್ನನ್ನೇ ಪರೀಕ್ಷಿಸುತ್ತಿದ್ದರು. ಯೂನಿಟ್ಟಿನವರೆಲ್ಲ ಬಾಯಿ ಮುಚ್ಚಿಕೊಂಡು ನಗುತ್ತಿದ್ದರು.

"ಆಗಲಿ, ಈಗ ಸಿಕ್ಕಿತು," ಅಂದರು ಅಂಕಲ್.

ಬೆಳಕು ಹೋಗುತ್ತಿತ್ತು. ಒಂದೇ ಟೇಕ್. ಅಂಕಲ್ ಒರಗಿದರು. ಬಾಯಿ ತೆರೆದುಕೊಂಡಿತು. ಗಂಟಲಿನಿಂದ ಒಂದು ಗೊರಕೆ ಹತ್ತಿ, ಮೇಲೆ ಹೋಗಿ, ಅಲ್ಲೇ ಸ್ವಲ್ಪ ಹೊತ್ತು ನಿಂತು, ಸೀಟಿ ಹೊಡೆದು ಇಳಿಯಿತು. ಎಡಗಾಲು ಒಂದು ಸಲ ಒದೆಯಿತು. ಮನೆಯವರು ಸುತ್ತ ಸೇರಿದರು. ಅಂಕಲ್ ಬೆಚ್ಚಿ ಎದ್ದು, ಗಡ್ಡ ಒರೆಸಿಕೊಂಡು, ಅಚ್ಚಗನ್ನಡದಲ್ಲಿ ಗದರಿಸಿದರು:

"ವ್ಯಾನ್ ಲೋಡ್ ಆಯ್ತೇನ್ರೋ?"

ನಾನು ಎದ್ದಾಗ ಹೇಳಿದ್ದು ಅದನ್ನೇ ಅಂತೆ.

ಪರದೆಯ ಮೇಲೆ

ಡಲ್ಲಾಸ್‌ನಲ್ಲಿ ಒಂದು ಹಾಲ್ ಹಿಡಿದು ಚಿತ್ರ ತೋರಿಸಿದರು. ಕುರ್ಚಿ ನನ್ನದು, ಗ್ಯಾರಂಟಿ ಕೊಡುತ್ತೇನೆ, ಒಂದೂ ಖಾಲಿಯಿರಲಿಲ್ಲ. ಕೇಟಿಯಿಂದ ಡಾಕ್ಟರು ಬಂದಿದ್ದರು. ಮುಂದಿನ ಸಾಲಿನಲ್ಲಿ ಅಂಕಲ್, ಅವರ ಮಗಳು, ನಡುವೆ ಆ ಪುಟ್ಟ ಹುಡುಗಿ. ಚಿತ್ರ ಶುರುವಾದಾಗಿನಿಂದ ಮಗು ಮುತ್ತಜ್ಜನ ತೋಳು ಬಿಟ್ಟಿರಲಿಲ್ಲ. ಪರದೆಯ ಅಜ್ಜ ಕೆಮ್ಮಿದರೆ ಪಕ್ಕದ ಅಜ್ಜನನ್ನು ಮುಟ್ಟಿ ನೋಡುತ್ತಿತ್ತು. ನಾನು ಅವರ ಹಿಂದೆಯೇ, ನನ್ನ ಹೆಂಡತಿಯ ಜೊತೆ ಕೂತಿದ್ದೆ.

ಕೊನೆಯ ದೃಶ್ಯ ಬಂತು. ಅಜ್ಜ ಕಣ್ಣು ಮುಚ್ಚಿದ. ಹಾಲ್ ಉಸಿರು ಬಿಗಿಹಿಡಿಯಿತು. ಮಗು ಎರಡೂ ಕೈಯಿಂದ ಮುಖ ಮುಚ್ಚಿಕೊಂಡಿತು. ಅಂಕಲ್ ಬಾಗಿ ಅದರ ಕಿವಿಯಲ್ಲಿ ತಮ್ಮ ಭಾಷೆಯಲ್ಲಿ ಏನೋ ಹೇಳಿದರು. ಮಗು ಒಂದು ಬೆರಳು ಸರಿಸಿತು.

ಗೊರಕೆ ಶುರುವಾಯಿತು. ಹತ್ತಿತು. ಮೇಲೆ ನಿಂತಿತು. ಸೀಟಿ ಹೊಡೆಯಿತು.

ನನ್ನ ಹೆಂಡತಿ ನನ್ನ ತೊಡೆ ಚಿವುಟಿದಳು. "ರೀ! ಇದು ನಿಮ್ಮ ನಿದ್ದೆ! ನಲವತ್ತು ವರ್ಷದಿಂದ ಕೇಳ್ತಿದ್ದೀನಿ, ನನಗೆ ಗೊತ್ತಾಗಲ್ವಾ?" ಅಂತ ಮೂರು ಸಾಲಿಗೆ ಕೇಳುವ ಹಾಗೆ ಅಂದಳು.

ಅಷ್ಟರಲ್ಲಿ ಅಜ್ಜ ಕಣ್ಣು ಬಿಟ್ಟು ವ್ಯಾನಿನ ವಿಚಾರ ಕೇಳಿದ. ಹಾಲ್ ಸಿಡಿಯಿತು. ಮಗು ಕುರ್ಚಿಯ ಮೇಲೆ ಹತ್ತಿ ನಿಂತು, ಪರದೆಯ ಕಡೆ ಒಂದು ಸಲ, ಪಕ್ಕಕ್ಕೆ ಒಂದು ಸಲ ಬೆರಳು ತೋರಿಸಿ, "ಎದ್ದ! ಎದ್ದ! ಇಬ್ಬರೂ ಇದ್ದಾರೆ!" ಅಂತ ಇಂಗ್ಲಿಷಿನಲ್ಲಿ ಕೂಗಿತು.

ದೀಪ ಹತ್ತಿದ ಮೇಲೆ ನಮ್ಮವರು ಗಂಭೀರರಾದರು. ಒಬ್ಬ ಹಿರಿಯರು ಎದ್ದು ನಿಂತು, "ವ್ಯಾನ್ ಅಂದರೆ ಇಲ್ಲಿ ದೇಹ, ಲೋಡ್ ಅಂದರೆ ಕರ್ಮ," ಅಂತ ವಿವರಿಸತೊಡಗಿದರು. ನಿರ್ದೇಶಕಿ ಹುಡುಗಿ ಕಣ್ಣರಳಿಸಿ, ತಾನು ಹಾಗೇ ಅಂದುಕೊಂಡಿದ್ದೆ ಅನ್ನುವ ಹಾಗೆ ತಲೆಯಾಡಿಸಿದಳು. ನಾನು ಬಾಯಿ ಬಿಡಲಿಲ್ಲ. ಒಳ್ಳೆಯ ಬೆಲೆ ಬರುತ್ತಿರುವಾಗ ಮಾಲು ಎಲ್ಲಿಂದ ಬಂತು ಅಂತ ಯಾರಾದರೂ ಹೇಳುತ್ತಾರೆಯೇ?

ಜನ ಬಂದು ಅಂಕಲ್ ಕೈ ಕುಲುಕಿದರು, ಆಂಟಿಯರು ಕಾಲಿಗೆ ಬಿದ್ದರು. ಮಗು ಅವರ ಹೆಗಲೇರಿ, "ಮತ್ತೆ ಹಾಕಿ! ಮೊದಲಿಂದ ಹಾಕಿ!" ಅಂತ ಹಟ ಹಿಡಿದಿತ್ತು. ಇಷ್ಟು ವರ್ಷ ಕಾದದ್ದು ಸಿಕ್ಕಿತಲ್ಲ, ಮುದುಕ ಏನು ಹೇಳುತ್ತಾರೋ ನೋಡೋಣ ಅಂತ ನಾನೂ ಹತ್ತಿರ ಹೋದೆ.

"ಹೇಗಿತ್ತು ಅಂಕಲ್? ಸಮಾಧಾನ ಆಯ್ತಾ?"

ಅವರು ಆ ಕಡೆ ಈ ಕಡೆ ನೋಡಿದರು. ಮಗುವಿನ ಕಿವಿಯನ್ನು ಅಂಗೈಯಿಂದ ಮೆಲ್ಲಗೆ ಮುಚ್ಚಿದರು. ನನ್ನ ಕಡೆ ಬಾಗಿ, ಜೀವಮಾನವಿಡೀ ಆ ಉದ್ಯೋಗದಲ್ಲೇ ಸವೆದವರ ಖಚಿತ ದನಿಯಲ್ಲಿ ಅಂದರು:

"ಎಲ್ಲ ಚೆನ್ನಾಗಿದೆ. ಕ್ಲೈಮ್ಯಾಕ್ಸ್ ಸ್ವಲ್ಪ ಸಪ್ಪೆ. ಆ ಮುದುಕ ಸಾಯಬೇಕಿತ್ತು."